ಗುಣ ಮಾಡುತ್ತೇವೆ ಎನ್ನುವವರಿಂದ ಲೆಕ್ಕ ಕೇಳೋಣ

ಆಟಿಸಂಗೆ ಸ್ಟೆಮ್ ಸೆಲ್ ಚಿಕಿತ್ಸೆ ಕೊಡುವುದು, ಅದರ ಪ್ರಚಾರ ಮಾಡುವುದು, ಜಾಹೀರಾತು ಹಾಕುವುದು ವೈದ್ಯರ ಮಟ್ಟಿಗೆ ವೃತ್ತಿ ದುರ್ನಡತೆ. ಹೀಗೆಂದು ರಾಷ್ಟ್ರೀಯ ವೈದ್ಯಕೀಯ ಆಯೋಗದ ನೀತಿ ಮತ್ತು ನೋಂದಣಿ ಮಂಡಳಿ 2022ರ ಡಿಸೆಂಬರ್‌ನಲ್ಲೇ ಹೇಳಿದೆ. ಅದಕ್ಕೂ ಮೊದಲು, 2017ರ ಮಾರ್ಗಸೂಚಿಯಲ್ಲಿ, ಭಾರತೀಯ ವೈದ್ಯಕೀಯ ಸಂಶೋಧನಾ ಮಂಡಳಿ (ಐಸಿಎಂಆರ್) ಗೆರೆ ಎಳೆದಿತ್ತು: ಕೆಲವು ರಕ್ತದ ಕಾಯಿಲೆಗಳನ್ನು ಬಿಟ್ಟರೆ ಸ್ಟೆಮ್ ಸೆಲ್ ಬಳಕೆಯೆಲ್ಲ ಇನ್ನೂ ಪ್ರಯೋಗದ ಹಂತದಲ್ಲಿದೆ, ಪ್ರಯೋಗವನ್ನು ಚಿಕಿತ್ಸೆಯೆಂದು ಮಾರುವಂತಿಲ್ಲ. ವಿಷಯ ಸುಪ್ರೀಂ ಕೋರ್ಟ್ ಮೆಟ್ಟಿಲನ್ನೂ ಹತ್ತಿತು. ಇಷ್ಟೆಲ್ಲ ಆದ ಮೇಲೂ ಮಗುವಿಗೆ ಆಟಿಸಂ ಎಂದು ತಿಳಿದ ರಾತ್ರಿ ನಿದ್ದೆ ಬಾರದೆ ಮೊಬೈಲ್ ಹಿಡಿದು ಕೂತ ತಂದೆ ತಾಯಿಯ ಕಣ್ಣಿಗೆ ಬೀಳುವುದು ಆಯೋಗದ ಆದೇಶವಲ್ಲ. ‘ಚಿಕಿತ್ಸೆಗೆ ಮೊದಲು, ಚಿಕಿತ್ಸೆಯ ನಂತರ’ ಎಂಬ ವಿಡಿಯೊ.

ಈ ವ್ಯಾಪಾರ ನಡೆಯುವುದು ಪೋಷಕರ ಅಜ್ಞಾನದಿಂದ ಎನ್ನುವವರಿದ್ದಾರೆ. ನಾನು ಒಪ್ಪುವುದಿಲ್ಲ. ಲಕ್ಷಗಟ್ಟಲೆ ಕೊಟ್ಟು ಈ ಇಂಜೆಕ್ಷನ್ ಹಾಕಿಸುವವರಲ್ಲಿ ಎಂಜಿನಿಯರ್‌ಗಳಿದ್ದಾರೆ, ಬ್ಯಾಂಕ್ ಅಧಿಕಾರಿಗಳಿದ್ದಾರೆ, ವೈದ್ಯರೂ ಇದ್ದಾರೆ. ಉಪಯೋಗವಿದೆ ಎಂದು ಸಾಬೀತಾದ ನೆರವನ್ನು ನಾವು ಅವರ ಕೈಗೆ ಎಟುಕದಂತೆ ಇಟ್ಟಿದ್ದೇವೆ, ಸಾಬೀತಾಗದ್ದನ್ನು ಮನೆ ಬಾಗಿಲಿಗೆ ಬರಲು ಬಿಟ್ಟಿದ್ದೇವೆ. ಈ ವ್ಯಾಪಾರದ ಬೇರು ಅಲ್ಲಿದೆ.

‘ನಮ್ಮ ಮಗನಿಗೆ ಇದರಿಂದ ಗುಣ ಕಂಡಿದೆ’ ಎನ್ನುವ ಪೋಷಕರು ಸುಳ್ಳು ಹೇಳುತ್ತಿಲ್ಲ. ಅವರು ಕಂಡ ಬದಲಾವಣೆ ನಿಜ, ಅದಕ್ಕೆ ಅವರು ಕೊಡುವ ಕಾರಣವನ್ನು ಮಾತ್ರ ಪರೀಕ್ಷಿಸಬೇಕು. ಈ ಪರೀಕ್ಷೆ ಹಿಂದೆಯೂ ನಡೆದಿದೆ. 1998ರಲ್ಲಿ ಅಮೆರಿಕದಲ್ಲಿ ಹೊಟ್ಟೆಯ ತಪಾಸಣೆಗೆಂದು ಸೆಕ್ರೆಟಿನ್ ಎಂಬ ಹಾರ್ಮೋನ್ ಕೊಟ್ಟ ಮೂವರು ಮಕ್ಕಳಲ್ಲಿ ಆಟಿಸಂ ಲಕ್ಷಣ ಕಡಿಮೆಯಾಯಿತೆಂಬ ವರದಿ ಬಂತು. ಟಿವಿಯಲ್ಲಿ ಸುದ್ದಿಯಾಯಿತು, ಔಷಧಿಗೆ ಎಲ್ಲಿಲ್ಲದ ಬೇಡಿಕೆ ಬಂತು. ಮರುವರ್ಷವೇ ‘ನ್ಯೂ ಇಂಗ್ಲೆಂಡ್ ಜರ್ನಲ್ ಆಫ್ ಮೆಡಿಸಿನ್’ನಲ್ಲಿ 60 ಮಕ್ಕಳ ಅಧ್ಯಯನ ಪ್ರಕಟವಾಯಿತು. ಅರ್ಧ ಮಕ್ಕಳಿಗೆ ಸೆಕ್ರೆಟಿನ್, ಉಳಿದ ಅರ್ಧಕ್ಕೆ ಬರೀ ಉಪ್ಪುನೀರು. ಯಾರಿಗೆ ಯಾವುದು ಎಂದು ಪೋಷಕರಿಗೂ ಗೊತ್ತಿಲ್ಲ, ಅಳೆಯುವವರಿಗೂ ಗೊತ್ತಿಲ್ಲ. ಫಲಿತಾಂಶ ನೋಡಿದರೆ ಎರಡೂ ಗುಂಪಿನ ಮಕ್ಕಳು ಸುಧಾರಿಸಿದ್ದರು, ಗುಂಪುಗಳ ನಡುವೆ ವ್ಯತ್ಯಾಸವೇ ಇರಲಿಲ್ಲ. ಇದನ್ನು ತಿಳಿಸಿದ ಮೇಲೂ ಶೇ 69ರಷ್ಟು ಪೋಷಕರು ತಮಗೆ ಸೆಕ್ರೆಟಿನ್‌ನಲ್ಲಿ ಆಸಕ್ತಿ ಉಳಿದಿದೆ ಎಂದರು. ಆಸೆಯ ಬಲ ಅಷ್ಟು. ಆ ಆಸೆಯ ಮೇಲೆ ಅಂಗಡಿ ತೆರೆಯುವುದು ಸುಲಭ.

ಸ್ಟೆಮ್ ಸೆಲ್ ಕಥೆಯೂ ಇದೇ ದಾರಿಯಲ್ಲಿ ಸಾಗಿದೆ. ಅಮೆರಿಕದ ಡ್ಯೂಕ್ ವಿಶ್ವವಿದ್ಯಾಲಯದ ತಂಡ 25 ಮಕ್ಕಳಿಗೆ ಹೊಕ್ಕುಳಬಳ್ಳಿಯ ರಕ್ತ ಕೊಟ್ಟು, ನಡವಳಿಕೆ ಸುಧಾರಿಸಿತೆಂದು 2017ರಲ್ಲಿ ಬರೆಯಿತು. ಆ ಅಧ್ಯಯನದಲ್ಲಿ ಹೋಲಿಕೆಗೆ ಇನ್ನೊಂದು ಗುಂಪು ಇರಲಿಲ್ಲ. ಅದೇ ತಂಡ 180 ಮಕ್ಕಳನ್ನು ತೆಗೆದುಕೊಂಡು, ಕೆಲವರಿಗೆ ನಿಜವಾದದ್ದು ಕೆಲವರಿಗೆ ಹುಸಿಯಾದದ್ದು ಕೊಟ್ಟು ನಡೆಸಿದ ಪರೀಕ್ಷೆಯ ಫಲಿತಾಂಶ 2020ರಲ್ಲಿ ಬಂತು. ಮುಖ್ಯವಾಗಿ ಅಳೆಯಲು ಹೊರಟಿದ್ದ ಸಾಮಾಜಿಕ ಒಡನಾಟದಲ್ಲಿ ಎರಡು ಗುಂಪುಗಳ ನಡುವೆ ಗಣನೀಯ ವ್ಯತ್ಯಾಸ ಸಿಗಲಿಲ್ಲ. ನಮ್ಮ ಕ್ಲಿನಿಕ್‌ಗಳು ತೋರಿಸುವುದು ಮೊದಲ ಬಗೆಯ ಪುರಾವೆಯನ್ನು ಮಾತ್ರ. ಎರಡನೆಯದರ ಹೆಸರು ಅವರ ಕರಪತ್ರದಲ್ಲಿ ಇರುವುದಿಲ್ಲ.

ಮಕ್ಕಳು ಯಾಕೆ ಸುಧಾರಿಸುತ್ತಾರೆ? ಬೆಳೆಯುತ್ತಾರೆ, ಅದಕ್ಕೆ. ಆಟಿಸಂ ಇರುವ ಮಗುವಿನ ಬೆಳವಣಿಗೆ ನಿಂತುಹೋಗಿರುವುದಿಲ್ಲ, ಅದರ ಹಾದಿ ಬೇರೆ. ಜೊತೆಗೆ ಹೆಚ್ಚಿನ ಕ್ಲಿನಿಕ್‌ಗಳು ಇಂಜೆಕ್ಷನ್ ಕೊಟ್ಟು ಕಳಿಸುವಾಗ ಸ್ಪೀಚ್ ಥೆರಪಿ ಮುಂದುವರಿಸಿ, ಮನೆಯಲ್ಲಿ ಮಗುವಿನ ಜೊತೆ ಹೆಚ್ಚು ಹೊತ್ತು ಕಳೆಯಿರಿ ಎಂದೂ ಹೇಳುತ್ತವೆ. ಆರು ತಿಂಗಳ ಮೇಲೆ ಮಗು ನಾಲ್ಕು ಪದ ಆಡಿದರೆ ಕೀರ್ತಿ ಇಂಜೆಕ್ಷನ್‌ಗೆ. ಅಮ್ಮ ದಿನಾ ನೆಲದ ಮೇಲೆ ಕೂತು ಆಡಿಸಿದ್ದು ಯಾರ ಲೆಕ್ಕಕ್ಕೂ ಬರುವುದಿಲ್ಲ.

‘ಪ್ರಯತ್ನಿಸಿದರೆ ನಷ್ಟವೇನು?’ ಎಂಬ ಪ್ರಶ್ನೆಗೆ ಉತ್ತರ ಇದೆ. ಸ್ಟೆಮ್ ಸೆಲ್‌ಗಾಗಿ ಅಸ್ಥಿಮಜ್ಜೆ ತೆಗೆಯಲು, ಬೆನ್ನುಹುರಿಯ ದ್ರವಕ್ಕೆ ಸೂಜಿ ಚುಚ್ಚಲು ಪುಟ್ಟ ಮಗುವಿಗೆ ಅರಿವಳಿಕೆ ಕೊಡಬೇಕಾಗುತ್ತದೆ. ಅದರ ಅಪಾಯ ಸಣ್ಣದಲ್ಲ. ದೇಹದಿಂದ ಲೋಹದ ವಿಷ ತೆಗೆಯುತ್ತೇವೆಂಬ ಕೀಲೇಷನ್ ಚಿಕಿತ್ಸೆಯಿಂದ 2005ರಲ್ಲಿ ಪೆನ್ಸಿಲ್ವೇನಿಯಾದಲ್ಲಿ ಆಟಿಸಂ ಇದ್ದ 5 ವರ್ಷದ ಬಾಲಕ ಸತ್ತ. ಕಣ್ಣಿಗೆ ಕಾಣದ ನಷ್ಟವೂ ಇದೆ. ಸೈಟು ಮಾರಿ, ಒಡವೆ ಅಡವಿಟ್ಟು ತಂದ ಹಣ ಒಂದೇ ವಾರದಲ್ಲಿ ಮುಗಿದ ಮೇಲೆ, ಮುಂದಿನ ಹತ್ತು ವರ್ಷ ಬೇಕಾಗುವ ಥೆರಪಿಗೆ, ಶಾಲೆಗೆ ಏನು ಉಳಿಯಿತು?

ಪೋಷಕರಿಗೆ ಆಯ್ಕೆಯ ಸ್ವಾತಂತ್ರ್ಯ ಬೇಡವೇ ಎಂದು ಕೆಲವು ವೈದ್ಯರು ಕೇಳುತ್ತಾರೆ. ಬೇಕು. ಆದರೆ ಪುರಾವೆಯನ್ನು ಮುಚ್ಚಿಟ್ಟು ಪಡೆದ ಸಹಿ ಒಪ್ಪಿಗೆಯಾಗುವುದಿಲ್ಲ. ನಿಮ್ಮ ಕೈಯಲ್ಲಿ ಹೊಸ ಚಿಕಿತ್ಸೆ ಇದ್ದರೆ ನೋಂದಾಯಿತ ಪ್ರಯೋಗ ಮಾಡಿ, ನೀತಿ ಸಮಿತಿಯ ಮುಂದೆ ನಿಲ್ಲಿ, ಮಗುವಿನ ಮನೆಯವರಿಂದ ಹಣ ಪಡೆಯಬೇಡಿ. ಹಣ ಪಡೆಯುವುದಾದರೆ ಅದಕ್ಕೆ ಸಂಶೋಧನೆಯ ಹೆಸರು ಬೇಡ.

ಈ ಸಂತೆಗೆ ಜನ ಸೇರುವುದಕ್ಕೆ ತಾಯಂದಿರ ಮೇಲೆ ಹೊರಿಸುವ ಅಪರಾಧವೂ ಒಂದು ಕಾರಣ. ಅಮೆರಿಕದ ಮನೋವಿಜ್ಞಾನಿ ಬ್ರೂನೊ ಬೆಟಲ್‌ಹೈಮ್ 1967ರ ತನ್ನ ಪುಸ್ತಕದಲ್ಲಿ ಪ್ರೀತಿ ತೋರದ ತಾಯಿಯೇ ಆಟಿಸಂಗೆ ಕಾರಣವೆಂದು ವಾದಿಸಿದ. ಆ ವಾದ ಬಿದ್ದುಹೋಗಿ ದಶಕಗಳಾದವು. ಬ್ರಿಟನ್‌ನ ವೈದ್ಯ ಆಂಡ್ರೂ ವೇಕ್‌ಫೀಲ್ಡ್ 1998ರಲ್ಲಿ 12 ಮಕ್ಕಳನ್ನು ಮುಂದಿಟ್ಟುಕೊಂಡು ಬರೆದ ಲೇಖನದಲ್ಲಿ ಎಂಎಂಆರ್ ಲಸಿಕೆಯಿಂದ ಆಟಿಸಂ ಬರುತ್ತದೆಂಬ ಅನುಮಾನ ಹುಟ್ಟಿಸಿದ. ಅದನ್ನು ಪ್ರಕಟಿಸಿದ್ದ ವೈದ್ಯಕೀಯ ಪತ್ರಿಕೆ ‘ಲ್ಯಾನ್ಸೆಟ್’ 2010ರಲ್ಲಿ ಆ ಲೇಖನವನ್ನು ಹಿಂತೆಗೆಯಿತು, ಅವನ ವೈದ್ಯಕೀಯ ನೋಂದಣಿಯೂ ಹೋಯಿತು. ಡೆನ್ಮಾರ್ಕ್‌ನಲ್ಲಿ ಆರೂವರೆ ಲಕ್ಷಕ್ಕೂ ಹೆಚ್ಚು ಮಕ್ಕಳ ದಾಖಲೆ ನೋಡಿ 2019ರಲ್ಲಿ ಪ್ರಕಟವಾದ ಅಧ್ಯಯನದಲ್ಲೂ ಲಸಿಕೆಗೂ ಆಟಿಸಂಗೂ ನಂಟು ಕಾಣಲಿಲ್ಲ. ಆದರೂ ನಮ್ಮ ಮನೆಗಳಲ್ಲಿ ಪ್ರಶ್ನೆ ನಿಂತಿಲ್ಲ: ‘ನೀನು ಕೆಲಸಕ್ಕೆ ಹೋಗಿದ್ದಕ್ಕೆ ಹೀಗಾಯ್ತಾ?’, ‘ಬಸುರಿಯಾಗಿದ್ದಾಗ ಏನು ತಿಂದೆ?’, ‘ಮೊಬೈಲ್ ಕೊಟ್ಟು ಕೂರಿಸಿದೆಯಾ?’ ಇಷ್ಟು ಕೇಳಿಸಿಕೊಂಡ ತಾಯಿ ಪ್ರಾಯಶ್ಚಿತ್ತವೆಂಬಂತೆ ಯಾವ ಬಾಗಿಲನ್ನಾದರೂ ತಟ್ಟುತ್ತಾಳೆ.

ಹಾಗಾದರೆ ಉಪಯೋಗಕ್ಕೆ ಬರುವುದು ಏನು? ಉತ್ತರದಲ್ಲಿ ಚಮತ್ಕಾರವಿಲ್ಲ, ಅದಕ್ಕೇ ಅದು ಜಾಹೀರಾತಿಗೆ ಒಗ್ಗುವುದಿಲ್ಲ. ಮೊದಲನೆಯದು ತಂದೆ ತಾಯಿಗೆ ಕೊಡುವ ತರಬೇತಿ. ಬ್ರಿಟನ್‌ನಲ್ಲಿ 152 ಮಕ್ಕಳ ಮೇಲೆ ನಡೆದ, 2010ರಲ್ಲಿ ಪ್ರಕಟವಾದ ‘ಪ್ಯಾಕ್ಟ್’ ಅಧ್ಯಯನದ ವಿಧಾನ ಸರಳ. ಮಗು ಮತ್ತು ಅಮ್ಮ ಅಥವಾ ಅಪ್ಪ ಆಡುವುದನ್ನು ವಿಡಿಯೊ ಮಾಡಿ, ಥೆರಪಿಸ್ಟ್ ಅದನ್ನು ಪೋಷಕರೊಂದಿಗೆ ಕೂತು ನೋಡುತ್ತಾರೆ. ಮಗು ಎಲ್ಲಿ ತಾನಾಗಿ ಕೈ ಚಾಚಿತು, ಎಲ್ಲಿ ಸದ್ದು ಮಾಡಿತು, ಆಗ ನೀವೇನು ಮಾಡಿದಿರಿ, ಸ್ವಲ್ಪ ಕಾದಿದ್ದರೆ ಏನಾಗುತ್ತಿತ್ತು ಎಂದು ತೋರಿಸುತ್ತಾರೆ. ಮೊದಲ ವರ್ಷ ಆಟಿಸಂ ಲಕ್ಷಣಗಳಲ್ಲಿ ದೊಡ್ಡ ಇಳಿಕೆ ಕಾಣಲಿಲ್ಲ. ಪೋಷಕರು ಮಗುವಿಗೆ ಸ್ಪಂದಿಸುವ ಬಗೆ ಮಾತ್ರ ಚೆನ್ನಾಗಿ ಬದಲಾಯಿತು. ಸುಮಾರು ಆರು ವರ್ಷದ ಬಳಿಕ ಅದೇ ಮಕ್ಕಳನ್ನು ನೋಡಿದಾಗ ಲಕ್ಷಣಗಳ ತೀವ್ರತೆಯಲ್ಲೂ ವ್ಯತ್ಯಾಸ ಸಿಕ್ಕಿತು. ಇದೇ ವಿಧಾನವನ್ನು ದಕ್ಷಿಣ ಏಷ್ಯಾಕ್ಕೆ ಒಗ್ಗಿಸಿ ಗೋವಾ ಮತ್ತು ಪಾಕಿಸ್ತಾನದ ರಾವಲ್ಪಿಂಡಿಯಲ್ಲಿ 65 ಮಕ್ಕಳ ಮೇಲೆ ಪರೀಕ್ಷಿಸಿದರು. ಫಲಿತಾಂಶ 2016ರಲ್ಲಿ ಬಂತು. ಅಲ್ಲಿ ತರಬೇತಿ ಕೊಟ್ಟವರು ತಜ್ಞರಲ್ಲ, ಸಾಮಾನ್ಯ ಆರೋಗ್ಯ ಕಾರ್ಯಕರ್ತರು. ಪೋಷಕರ ಸ್ಪಂದನೆ ಸುಧಾರಿಸಿತು, ಮಕ್ಕಳು ತಾವಾಗಿ ಸಂವಹನಕ್ಕೆ ಮುಂದಾಗುವುದು ಹೆಚ್ಚಿತು. ರಾಜ್ಯದ ಗಡಿಯಾಚೆಯ ಗೋವಾದಲ್ಲಿ ಆದದ್ದು ಕಾರವಾರದಲ್ಲಿ ಯಾಕೆ ಆಗಬಾರದು?

ಎರಡನೆಯದು ಮಾತಿಗೆ ಕಾಯದೆ ಮಗುವಿಗೆ ಸಂವಹನದ ದಾರಿ ಕೊಡುವುದು. ಚಿತ್ರದ ಕಾರ್ಡ್, ಚಿತ್ರ ಮುಟ್ಟಿದರೆ ಪದ ಹೇಳುವ ಟ್ಯಾಬ್ಲೆಟ್. ಇಂಥ ಒಂದು ಆ್ಯಪ್, ಅವಾಜ್, ತಯಾರಾದದ್ದು ಪಕ್ಕದ ಚೆನ್ನೈನಲ್ಲೇ. ‘ಕಾರ್ಡು ಕೊಟ್ಟರೆ ಮಾತು ಬರುವುದೇ ಇಲ್ಲ’ ಎಂದು ಅಜ್ಜಿಯರಿಂದ ಹಿಡಿದು ಶಿಕ್ಷಕರವರೆಗೆ ಹೇಳುತ್ತಾರೆ. ಈ ಬಗೆಯ ಅಧ್ಯಯನಗಳನ್ನು ಒಟ್ಟಿಗೆ ಪರಿಶೀಲಿಸಿ 2006ರಲ್ಲಿ ಪ್ರಕಟವಾದ ವರದಿಯಲ್ಲಿ ಮಾತು ಕಡಿಮೆಯಾದ ಉದಾಹರಣೆ ಸಿಗಲಿಲ್ಲ, ಹೆಚ್ಚಿನವರಲ್ಲಿ ಮಾತು ತುಸು ಹೆಚ್ಚೇ ಆಗಿತ್ತು. ಆದರೆ ದೊಡ್ಡವರು ಮಗುವಿನ ಕೈ ಹಿಡಿದು ಅಕ್ಷರ ಒತ್ತಿಸಿ ‘ಇದು ಮಗುವಿನ ಮಾತು’ ಎನ್ನುವ ವಿಧಾನವನ್ನು ಇದರೊಂದಿಗೆ ಬೆರೆಸಬಾರದು. ಆ ಮಾತು ಕೈ ಹಿಡಿದವರದ್ದು ಎಂದು ಪರೀಕ್ಷೆಗಳಲ್ಲಿ ಮತ್ತೆ ಮತ್ತೆ ಬಯಲಾಗಿದೆ.

ಉಳಿದವು ಇನ್ನೂ ಸಾದಾ. ದಿನದ ಕೆಲಸಗಳನ್ನು ಚಿತ್ರದಲ್ಲಿ ಸಾಲಾಗಿ ತೋರಿಸುವುದು, ಬದಲಾವಣೆಯನ್ನು ಮೊದಲೇ ತಿಳಿಸುವುದು, ಕಿವಿಗೆ ಅಪ್ಪಳಿಸುವ ಗದ್ದಲದಿಂದ ಮಗುವನ್ನು ಕಾಯುವುದು. ಮಗು ಇದ್ದಕ್ಕಿದ್ದಂತೆ ತಲೆ ಚಚ್ಚಿಕೊಂಡರೆ ಹಲ್ಲುನೋವು, ಮಲಬದ್ಧತೆ, ಕಿವಿ ಸೋಂಕು, ಮೂರ್ಛೆರೋಗ ಇದೆಯೇ ಎಂದು ಮೊದಲು ನೋಡುವುದು. ಆಟಿಸಂ ತೆಗೆದುಹಾಕುವ ಮಾತ್ರೆ ಇಲ್ಲ. ರಿಸ್ಪೆರಿಡೋನ್, ಅರಿಪಿಪ್ರಜೋಲ್ ಔಷಧಿಗಳಿಗೆ ಅಮೆರಿಕದ ಔಷಧ ನಿಯಂತ್ರಕರು 2006 ಮತ್ತು 2009ರಲ್ಲಿ ಒಪ್ಪಿಗೆ ಕೊಟ್ಟದ್ದು ಅದರೊಂದಿಗೆ ಬರುವ ತೀವ್ರ ಸಿಡುಕಿಗೆ ಮಾತ್ರ.

ಸ್ಟೆಮ್ ಸೆಲ್‌ನವರನ್ನು ಬೈದು ಥೆರಪಿ ಸೆಂಟರ್‌ಗಳನ್ನು ಹೊಗಳಿ ಮುಗಿಸಿದರೆ ಅರ್ಧ ಸತ್ಯವಾಗುತ್ತದೆ. ‘ವಾರಕ್ಕೆ 40 ಗಂಟೆ ಥೆರಪಿ ಕೊಡಿಸದಿದ್ದರೆ ಮಗುವಿನ ಭವಿಷ್ಯ ಹಾಳು’ ಎಂದು ಹೆದರಿಸುವವರೂ ಇದ್ದಾರೆ. ಈ 40 ಗಂಟೆಯ ಮಾತು ಹುಟ್ಟಿದ್ದು ಮನೋವಿಜ್ಞಾನಿ ಇವಾರ್ ಲೋವಾಸ್ 1987ರಲ್ಲಿ ಪ್ರಕಟಿಸಿದ ಅಧ್ಯಯನದಿಂದ. ಅದರಲ್ಲಿ ಆ ಚಿಕಿತ್ಸೆ ಪಡೆದ ಮಕ್ಕಳು 19. ಮಕ್ಕಳನ್ನು ಗುಂಪುಗಳಿಗೆ ಚೀಟಿ ಎತ್ತಿ ಹಂಚಿರಲಿಲ್ಲ. ಗದರುವುದು, ತೊಡೆಗೆ ಹೊಡೆಯುವುದು ಕೂಡ ಆ ಚಿಕಿತ್ಸೆಯ ಭಾಗವಾಗಿತ್ತು. 9 ಸಾವಿರಕ್ಕೂ ಹೆಚ್ಚು ಮಕ್ಕಳನ್ನು ಒಳಗೊಂಡ 144 ಅಧ್ಯಯನಗಳನ್ನು ಒಟ್ಟುಗೂಡಿಸಿ 2024ರಲ್ಲಿ ಪ್ರಕಟವಾದ ವಿಶ್ಲೇಷಣೆಯಲ್ಲಿ ಗಂಟೆ ಹೆಚ್ಚಿದಷ್ಟೂ ಲಾಭ ಹೆಚ್ಚು ಎಂಬುದಕ್ಕೆ ಆಧಾರ ಸಿಗಲಿಲ್ಲ. ಆಟಿಸಂ ಇರುವ ವಯಸ್ಕರು ಎತ್ತಿದ ತಕರಾರೂ ಗಂಭೀರವಾದದ್ದೇ: ಕೈ ಬೀಸುವುದನ್ನು ನಿಲ್ಲಿಸಿ, ಕಣ್ಣಲ್ಲಿ ಕಣ್ಣಿಟ್ಟು ನೋಡುವಂತೆ ಒತ್ತಾಯಿಸಿ ಮಗುವನ್ನು ಎಲ್ಲರಂತೆ ಕಾಣಿಸಿದರೆ ಯಾರಿಗೆ ಲಾಭ? ಮಗು ತನಗೆ ಬೇಕಾದ್ದನ್ನು ಕೇಳಲು, ಬೇಡವಾದ್ದನ್ನು ಬೇಡ ಎನ್ನಲು ಕಲಿತಿತೇ ಎಂಬುದು ಅಳತೆಗೋಲಾಗಬೇಕು.

ಕನ್ನಡದ ಮನೆಗಳಿಗೆ ಸಿಗುವ ಇನ್ನೊಂದು ಸಲಹೆಗಂತೂ ಆಧಾರವೇ ಇಲ್ಲ. ‘ಮಗು ಗೊಂದಲ ಮಾಡಿಕೊಳ್ಳುತ್ತದೆ, ಕನ್ನಡ ನಿಲ್ಲಿಸಿ, ಇಂಗ್ಲಿಷ್ ಒಂದನ್ನೇ ಆಡಿ.’ ಮಾಂಟ್ರಿಯಲ್‌ನಲ್ಲಿ ಆಟಿಸಂ ಇರುವ 75 ಮಕ್ಕಳನ್ನು ಹೋಲಿಸಿದ 2012ರ ಅಧ್ಯಯನದಲ್ಲಿ ಎರಡು ಭಾಷೆ ಕೇಳಿ ಬೆಳೆದವರ ಭಾಷಾ ಬೆಳವಣಿಗೆ ಒಂದೇ ಭಾಷೆಯವರಿಗಿಂತ ಹೆಚ್ಚೇನೂ ಹಿಂದೆ ಬಿದ್ದಿರಲಿಲ್ಲ. ನಂತರದ ಸಂಶೋಧನೆಗಳೂ ಇದಕ್ಕೆ ಪೂರಕವಾಗಿವೆ. ಈ ಸಲಹೆಯಿಂದ ಆಗುವ ಹಾನಿ ಮಾತ್ರ ದಿನಾ ಕಾಣುತ್ತದೆ. ತಡವರಿಸುವ ಇಂಗ್ಲಿಷ್‌ನಲ್ಲಿ ಅಮ್ಮ ‘ಕಮ್, ಸಿಟ್, ಈಟ್’ ಎಂಬ ಮೂರು ಆಜ್ಞೆಗೆ ಇಳಿಯುತ್ತಾಳೆ, ಅಜ್ಜ ಅಜ್ಜಿ ಮಗುವಿನ ಎದುರು ಮೂಕರಾಗುತ್ತಾರೆ. ಮಾತೇ ಕಷ್ಟವಾದ ಮಗುವಿನಿಂದ ಮನೆಯ ಮಾತನ್ನೂ ಕಿತ್ತುಕೊಂಡ ಹಾಗಾಯಿತು. ನಾಲಿಗೆಗೆ ಬಜೆ ತೇಯ್ದು ಹಚ್ಚಿದ ಅಜ್ಜಿಯನ್ನು ನೋಡಿ ನಗುವವರು ಈ ಸಲಹೆ ಕೊಡುವ ಪದವೀಧರರನ್ನು ಇನ್ನೂ ಗಟ್ಟಿಯಾಗಿ ಪ್ರಶ್ನಿಸಬೇಕು.

ಇನ್ನು ಸರ್ಕಾರದ ಪಾಲು. 2016ರ ಅಂಗವಿಕಲರ ಹಕ್ಕುಗಳ ಕಾಯ್ದೆ ಗುರುತಿಸಿದ 21 ಅಂಗವೈಕಲ್ಯಗಳಲ್ಲಿ ಆಟಿಸಂ ಇದೆ. ಎಲ್ಲರೊಂದಿಗೆ ಕಲಿಯುವ ಹಕ್ಕು ಅದರಲ್ಲಿದೆ, ಉದ್ಯೋಗ ಮೀಸಲಾತಿಯೂ ಇದೆ. 1992ರ ಕಾಯ್ದೆಯಂತೆ ಪುನರ್ವಸತಿ ವೃತ್ತಿಪರರು ಭಾರತೀಯ ಪುನರ್ವಸತಿ ಮಂಡಳಿಯಲ್ಲಿ ನೋಂದಾಯಿಸಿರಬೇಕು. ಮೈಸೂರಿನಲ್ಲಿ 1965ರಿಂದ ಅಖಿಲ ಭಾರತ ವಾಕ್ ಶ್ರವಣ ಸಂಸ್ಥೆ ಇದೆ, ಬೆಂಗಳೂರಿನಲ್ಲಿ ನಿಮ್ಹಾನ್ಸ್ ಇದೆ. ಕಾನೂನಿಗೂ ಕೊರತೆಯಿಲ್ಲ, ತಿಳಿವಳಿಕೆಗೂ ಕೊರತೆಯಿಲ್ಲ. ಆದರೆ ರಾಯಚೂರಿನ ಹಳ್ಳಿಯ ಕೂಲಿ ಕುಟುಂಬ ವಾರಕ್ಕೊಮ್ಮೆ ಮೈಸೂರಿಗೆ ಹೋಗಿಬರಲಾರದು. ತಪಾಸಣೆಯಾಗಿ ಅಂಗವೈಕಲ್ಯದ ಕಾರ್ಡ್ ಕೈಗೆ ಬರುವ ಹೊತ್ತಿಗೆ ಕಲಿಕೆಯ ಅಮೂಲ್ಯ ವರ್ಷಗಳು ಕಳೆದಿರುತ್ತವೆ. ಮಗುವಿಗೆ 18 ತುಂಬಿದ ಮೇಲಂತೂ ಥೆರಪಿ, ಶಾಲೆ, ಸಹಾನುಭೂತಿ ಮೂರೂ ಒಟ್ಟಿಗೆ ಮುಗಿಯುತ್ತವೆ, ಆಟಿಸಂ ಬಾಲ್ಯದೊಂದಿಗೆ ಮುಗಿಯುತ್ತದೆ ಎಂಬಂತೆ.

ಆದ್ದರಿಂದ ನಿಷೇಧದ ಆದೇಶವೊಂದೇ ಸಾಲದು. ಪ್ರತಿ ಜಿಲ್ಲೆಯಲ್ಲಿ ಪೋಷಕರ ತರಬೇತಿ ಸಿಗಬೇಕು, ಅದಕ್ಕೆ ಆಶಾ ಮತ್ತು ಅಂಗನವಾಡಿ ಕಾರ್ಯಕರ್ತೆಯರನ್ನು ಸಂಬಳ ಹೆಚ್ಚಿಸಿ ಸಜ್ಜುಗೊಳಿಸಬೇಕು, ಬಿಟ್ಟಿ ಹೊರೆ ಹೊರಿಸಬಾರದು. ಕನ್ನಡದ ಚಿತ್ರ ಕಾರ್ಡ್‌ಗಳು, ಕನ್ನಡ ಮಾತಾಡುವ ಆ್ಯಪ್‌ಗಳು ಸರ್ಕಾರಿ ಶಾಲೆಗೆ ಉಚಿತವಾಗಿ ಬರಬೇಕು. ಆಯೋಗದ ಆದೇಶ ಮೀರಿದ ವೈದ್ಯರ ಮೇಲೆ ರಾಜ್ಯ ವೈದ್ಯಕೀಯ ಪರಿಷತ್ತು ದೂರು ಬರುವವರೆಗೆ ಕಾಯದೆ ಜಾಹೀರಾತು ನೋಡಿಯೇ ಕ್ರಮ ಜರುಗಿಸಬೇಕು.

ಮತ್ತು ಆಟಿಸಂ ಹೆಸರಲ್ಲಿ ಹಣ ಪಡೆಯುವ ಪ್ರತಿಯೊಬ್ಬರೂ, ಇಂಜೆಕ್ಷನ್ ಕೊಡುವವರಿರಲಿ ಥೆರಪಿ ಕೊಡುವವರಿರಲಿ, ಕನ್ನಡದಲ್ಲಿ ಬರೆದು ಸಹಿ ಹಾಕಿ ಕೊಡಬೇಕು: ಇದರಿಂದ ಯಾವ ಬದಲಾವಣೆ ನಿರೀಕ್ಷಿಸಬಹುದು, ಹೋಲಿಕೆಯ ಗುಂಪು ಇಟ್ಟು ನಡೆಸಿದ ಯಾವ ಪರೀಕ್ಷೆ ಹಾಗೆ ಹೇಳುತ್ತದೆ, ಮೂರು ತಿಂಗಳಲ್ಲಿ ಅದು ಕಾಣದಿದ್ದರೆ ಏನು ಮಾಡುತ್ತೀರಿ. ಇಷ್ಟನ್ನು ಬರೆದುಕೊಡಲು ಹಿಂಜರಿಯುವವರ ಬಾಗಿಲಿಗೆ ಬೀಗ ಹಾಕುವ ಅಧಿಕಾರ ಸರ್ಕಾರಕ್ಕಿರಬೇಕು, ಆ ಅಧಿಕಾರವನ್ನು ಅದು ಚಲಾಯಿಸಬೇಕು.