ದೂರದ ಹಕ್ಕಿಗೆ ಲೆನ್ಸು

ಗೂಡಿನ ಹಕ್ಕಿಯ ಚಿತ್ರವನ್ನು ತೆಗೆಯಬೇಕೆಂಬ ಹಂಬಲವು ಅನೇಕ ಮನೆಗಳ ತರುಣರಲ್ಲಿ ಉಂಟು. ಇಂಥವರಿಗೆ ಒದಗುವಂತೆ ಕ್ಯಾನನ್ ಕಂಪೆನಿಯವರು 2023ರಲ್ಲಿ, ಸಂಗಮದೂರವನ್ನು 200ರಿಂದ 800 ಮಿಲಿಮೀಟರುಗಳವರೆಗೆ ಬದಲಿಸಬಹುದಾದ ಜೂಮ್ ಲೆನ್ಸೊಂದನ್ನು ಹೊರತಂದರು. ಅಷ್ಟೇ ದೂರದಿಂದ 50 ಮಿಲಿಮೀಟರಿನ ಲೆನ್ಸಿನಲ್ಲಿ ಕಾಣುವುದಕ್ಕಿಂತ 16 ಪಾಲು ದೊಡ್ಡದಾಗಿ ಹಕ್ಕಿಯು ಇದರಲ್ಲಿ ಮೂಡುವುದು.

ಆದರೆ ಇದರ ತೂಕವು ಸುಮಾರು 2 ಕಿಲೋ. ಕೈ ಕೊಂಚ ಅಲುಗಿದರೂ ಚಿತ್ರವು ಮಸಕಾದೀತು. 800ರಲ್ಲಿ ಇದರ ದ್ವಾರವು ಎಫ್/9ಕ್ಕಿಂತ ಹಿಗ್ಗದಾದ್ದರಿಂದ ಮುಂಜಾವಿನ ಮಬ್ಬಿನಲ್ಲಿ ಬೆಳಕು ಸಾಲದು. ನಡುಹಗಲಿನ ಬಿಸಿಗಾಳಿಯ ನಡುಕವೂ ಚಿತ್ರವನ್ನು ಕೆಡಿಸುವುದು. ಆದುದರಿಂದ ಎಳೆಬಿಸಿಲಿನಲ್ಲಿ, ಟ್ರೈಪಾಡಿನ ಆಸರೆಯಿಂದ ತೆಗೆಯುವುದು ಲೇಸು.

ಇಷ್ಟಾದರೂ ಗೂಡಿನ ಬಳಿಗೆ ಹೋಗಕೂಡದು. ತಾಯಿಹಕ್ಕಿಯು ಬೆದರಿ ಬಹುಹೊತ್ತು ದೂರವುಳಿದರೆ ಮೊಟ್ಟೆಗಳು ತಣ್ಣಗಾಗಿ ಕೆಡುವುವು. ದೂರದಲ್ಲಿ ನಿಂತು ನೋಡುವುದಕ್ಕಾಗಿಯೇ ಈ ಲೆನ್ಸು ಇರುವುದೆಂಬುದನ್ನು, ಕೊಡಿಸುವ ಮೊದಲೇ ಹಿರಿಯರು ತಿಳಿಸಿಕೊಡತಕ್ಕದ್ದು.