ಶಂಕರನಾಗರ ಕೀರ್ತಿಗೆ ಪಂಕ್ತಿಭೇದವೇ?

ಶಂಕರನಾಗರ ಕಲಾಜೀವನವನ್ನು ಎರಡು ಪಂಕ್ತಿಗಳಾಗಿ ವಿಂಗಡಿಸುವ ವಾಡಿಕೆಯೊಂದು ವಿದ್ಯಾವಂತರಲ್ಲಿ ಬೇರೂರಿದೆ. ‘ಒಂದಾನೊಂದು ಕಾಲದಲ್ಲಿ’, ‘ಮಾಲ್ಗುಡಿ ಡೇಸ್’ ಇವು ಮೇಲಿನ ಪಂಕ್ತಿ. ‘ಆಟೋ ರಾಜ’ ಮೊದಲಾದುವು ಕೆಳಗಿನ ಪಂಕ್ತಿ. ಮೊದಲನೆಯವಕ್ಕೆ ಮನ್ನಣೆ, ಎರಡನೆಯವಕ್ಕೆ ಕ್ಷಮಾದಾನ! ಈ ವಿಭಾಗವು ಚರಿತ್ರೆಗೂ ಒಪ್ಪದು, ನ್ಯಾಯಕ್ಕೂ ಒಪ್ಪದು.

ಮೊದಲು ಚರಿತ್ರೆಯನ್ನು ನೋಡೋಣ. 1954ರಲ್ಲಿ ಜನಿಸಿದ ಶಂಕರನಾಗರು, ಗಿರೀಶ ಕಾರ್ನಾಡರು ನಿರ್ದೇಶಿಸಿದ ‘ಒಂದಾನೊಂದು ಕಾಲದಲ್ಲಿ’ ಚಿತ್ರದಿಂದ 1978ರಲ್ಲಿ ಪ್ರಸಿದ್ಧಿಗೆ ಬಂದರು. 1990ರ ಸೆಪ್ಟೆಂಬರ್ 30ರಂದು ದಾವಣಗೆರೆಯ ಬಳಿಯ ಆನಗೋಡಿನಲ್ಲಿ ವಾಹನಾಪಘಾತಕ್ಕೆ ತುತ್ತಾದರು. ನಡುವೆ ದೊರೆತದ್ದು ಹನ್ನೆರಡೇ ವರ್ಷ. 1980ರಲ್ಲಿ ‘ಆಟೋ ರಾಜ’ನಾಗಿ ನಟಿಸಿದವರೇ ಅದೇ ವರ್ಷದ ‘ಮಿಂಚಿನ ಓಟ’ಕ್ಕೆ ನಿರ್ದೇಶಕರು. ಒಂದೇ ವರ್ಷದಲ್ಲಿ ಒಂದೇ ಮನುಷ್ಯನು ಮಾಡಿದ ಎರಡು ಕೆಲಸಗಳನ್ನು ಎರಡು ಕುಲಗಳೆಂದು ಎಣಿಸುವುದು ಹೇಗೆ?

ಅವರು ನಟಿಸಿದ ಚಿತ್ರಗಳೆಲ್ಲವೂ ಉತ್ತಮವೆಂದು ಯಾರೂ ವಾದಿಸಲಾರರು. ಹಲವು ಸಾಧಾರಣ, ಕೆಲವು ನಿಸ್ಸಾರ. ಆದರೆ ಗುಣದೋಷವನ್ನು ಕೃತಿಯಿಂದ ಅಳೆಯಬೇಕಲ್ಲದೆ ಅದನ್ನು ಮೆಚ್ಚಿದವರ ಅಂತಸ್ತಿನಿಂದ ಅಳೆಯಬಾರದು. ಭರತಮುನಿಯು ನಾಟ್ಯವನ್ನು ಎಲ್ಲ ವರ್ಣದವರಿಗೂ ಸಲ್ಲುವ ಐದನೆಯ ವೇದವೆಂದನು. ಓದಿದವರಿಗೆ ಮಾತ್ರ ಮೀಸಲೆನ್ನಲಿಲ್ಲ.

ಇನ್ನೊಂದು ವಿಚಿತ್ರವನ್ನೂ ಗಮನಿಸಬೇಕು. ಆಗುಂಬೆಯಲ್ಲಿ ಚಿತ್ರಿತವಾದ ‘ಮಾಲ್ಗುಡಿ ಡೇಸ್’ ದೂರದರ್ಶನದಲ್ಲಿ ಮನೆಮಾತಾದದ್ದು ಹಿಂದಿಯಲ್ಲಿ. ವಿದ್ಯಾವಂತರು ಕೊಂಡಾಡುವ ಕೃತಿಯು ಅನ್ಯಭಾಷೆಯದು. ಅವರು ಮೂಗು ಮುರಿಯುವ ಕೃತಿಯು ಕನ್ನಡದ್ದು! ಮಹದೇವಪುರದಿಂದ ಕೃಷ್ಣರಾಜಪುರದವರೆಗಿನ ಹಾದಿಯಲ್ಲಿ ಗಾಜಿನ ಸೌಧಗಳು ಎದ್ದಿವೆ. ಅಲ್ಲಿಯ ವ್ಯವಹಾರದಲ್ಲಿ ಕನ್ನಡವು ಕಿವಿಗೆ ಬೀಳುವುದು ಅಪರೂಪ. ಆ ಸೌಧಗಳ ಬಾಗಿಲಲ್ಲಿ ಕಾದು ನಿಲ್ಲುವ ಆಟೋಗಳ ಬೆನ್ನ ಮೇಲಾದರೋ ಶಂಕರನಾಗರ ಮುಖವೂ ಕನ್ನಡದ ಅಕ್ಷರವೂ ಇನ್ನೂ ಕಾಣುತ್ತವೆ. ಆ ಚಾಲಕನನ್ನು ಅಭಿರುಚಿಹೀನನೆನ್ನುವವರು ತಮ್ಮ ಮನೆಯ ಮಕ್ಕಳಿಗೆ ಯಾವ ಕನ್ನಡ ಚಿತ್ರವನ್ನು ತೋರಿಸಿದ್ದಾರೆ?

ಶಂಕರನಾಗರೇ ನಿರ್ದೇಶಿಸಿದ ‘ಆಕ್ಸಿಡೆಂಟ್’ (1985) ಈ ವಿವಾದಕ್ಕೆ ತಕ್ಕ ಉತ್ತರ. ಮದವೇರಿದ ಸಿರಿವಂತ ತರುಣನ ಕಾರು ಬೀದಿಯ ಬದಿಯಲ್ಲಿ ಮಲಗಿದ್ದ ಬಡವರ ಮೇಲೆ ಹರಿಯುತ್ತದೆ. ತಂದೆಯ ಅಧಿಕಾರವು ಮಗನ ಅಪರಾಧವನ್ನು ಮುಚ್ಚಲೆಳಸುತ್ತದೆ. ಈ ಚಿತ್ರವನ್ನು ‘ಕಲಾತ್ಮಕ’ವೆಂದು ಹೊಗಳಿ, ಅದೇ ಬೀದಿಯಲ್ಲಿ ದುಡಿಯುವವನ ಮೆಚ್ಚುಗೆಯನ್ನು ಹಳಿಯುವುದು ಚಿತ್ರವನ್ನು ನೋಡಿಯೂ ನೋಡದಂತೆ.

ಆದುದರಿಂದ ವಿದ್ಯಾವಂತರ ಕರ್ತವ್ಯವು ಸ್ಪಷ್ಟ. ‘ಮಿಂಚಿನ ಓಟ’, ‘ಆಕ್ಸಿಡೆಂಟ್’ಗಳನ್ನು ಸಂಘಗಳಲ್ಲಿ ತೋರಿಸಲಿ, ಗುಣದೋಷಗಳನ್ನು ಚರ್ಚಿಸಲಿ, ಆ ಸಭೆಗೆ ಆಟೋ ನಿಲ್ದಾಣದವರನ್ನೂ ಕರೆಯಲಿ. ಅವರು ಹೃದಯದಲ್ಲಿಟ್ಟು ಕಾಪಾಡಿದ್ದನ್ನು ಇವರು ವಿವೇಕದಿಂದ ಬೆಳಗಿಸಿದರೆ ಕನ್ನಡಕ್ಕೆ ಲಾಭ; ಪಂಕ್ತಿಭೇದದಿಂದ ಇಬ್ಬರಿಗೂ ನಷ್ಟ.