ದಂಡನಾಯಕರ ಕೀರ್ತಿಯೂ ಪಕ್ಷದ ಬಾವುಟವೂ

ಶಾಮನೂರು: ಶಾಸನಸಭೆಗಳ ಗದ್ದಲದಿಂದ ಬೇಸತ್ತ ಜನರು, ರಾಜ್ಯಸೂತ್ರವನ್ನು ದಂಡಿನವನೊಬ್ಬನ ಕೈಗಿತ್ತರೆ ಎಲ್ಲವೂ ನೆಟ್ಟಗಾದೀತೆಂದು ನಮ್ಮೂರ ಕಟ್ಟೆಯ ಮೇಲೆಯೂ ದಾವಣಗೆರೆಯ ಪೇಟೆಯಲ್ಲಿಯೂ ಆಡಿಕೊಳ್ಳುತ್ತಿರುವರು. ಕೇಳಲು ಸವಿಯಾದ ಈ ಮಾತು ಪರಿಣಾಮದಲ್ಲಿ ವಿಷವೇ ಸರಿ.

ಬಾಲ್ಟಿಕ್ ಸಮುದ್ರತೀರದ ಲಾತ್ವಿಯಾ ದೇಶವನ್ನು ನೋಡಿರಿ. ಅಲ್ಲಿಯ ಸ್ವಾತಂತ್ರ್ಯಯುದ್ಧದ ಸೇನಾಪತಿ ಯಾನಿಸ್ ಬಾಲೋದಿಸನು ರಾಜಕಾರಣಕ್ಕಿಳಿದು ಯುದ್ಧಮಂತ್ರಿಯಾದನು. 1934ರ ಮೇ 15ರಂದು ಪ್ರಧಾನಿ ಉಲ್ಮಾನಿಸನು ಪ್ರಜಾಸಭೆಗೆ ಬೀಗವಿಕ್ಕಿದಾಗ ಅವನ ಬೆಂಬಲಕ್ಕೆ ನಿಂತವನು ಈ ವೀರನೇ. 1940ರಲ್ಲಿ ಅದೇ ಉಲ್ಮಾನಿಸನು ಇವನನ್ನು ಪದವಿಯಿಂದಿಳಿಸಿದನು. ಅದೇ ವರ್ಷ ರಷ್ಯದ ಸೈನ್ಯವು ಒಳನುಗ್ಗಿದಾಗ, ಎದ್ದು ಪ್ರಶ್ನಿಸಲು ಪ್ರಜೆಗಳಿಗೆ ತಮ್ಮದೆಂಬ ಸಭೆಯೇ ಇರಲಿಲ್ಲ!

ದೂರದ ಮಾತೇಕೆ? ಕೊಡಗಿನ ಕಾರ್ಯಪ್ಪನವರು 1949ರ ಜನವರಿ 15ರಂದು ನಮ್ಮ ಸೇನೆಯ ಪ್ರಥಮ ಭಾರತೀಯ ಮಹಾದಂಡನಾಯಕರಾದರು. 1965ರಲ್ಲಿ ಪಾಕಿಸ್ತಾನದ ಸೆರೆಗೆ ಬಿದ್ದ ಮಗನಿಗೆ ಅಯೂಬಖಾನರು ವಿಶೇಷ ದಾಕ್ಷಿಣ್ಯವನ್ನು ತೋರಬಂದಾಗ, ಅದನ್ನು ಒಲ್ಲೆನೆಂದ ಧೀರರವರು. ಅಂಥವರು 1971ರಲ್ಲಿ ಮುಂಬಯಿಯ ಈಶಾನ್ಯ ಕ್ಷೇತ್ರದಿಂದ ಲೋಕಸಭೆಗೆ ನಿಂತರು. ಬೆಂಬಲವಾರದು? ಶಿವಸೇನೆಯದು! 1966ರಲ್ಲಿ ಹುಟ್ಟಿ ದಕ್ಷಿಣದವರ ಮೇಲೆ ಹರಿಹಾಯ್ದ, 1969ರಲ್ಲಿ ಬೆಳಗಾವಿ ತಮಗೆ ಬೇಕೆಂದು ಮುಂಬಯಿಯ ಬೀದಿಗಳಲ್ಲಿ ಬೆಂಕಿಯೆಬ್ಬಿಸಿದ ಪಕ್ಷವದು. ಕನ್ನಡನಾಡಿನ ಮಹಾಸೇನಾನಿಗೆ ಈ ನೆರಳು ತಕ್ಕುದಾಗಿತ್ತೆ? ಮತದಾರರು ಅವರನ್ನು ಆರಿಸಲಿಲ್ಲ.

ನಿವೃತ್ತ ಯೋಧನು ಪ್ರಜೆಯಲ್ಲವೆ, ಅವನಿಗೆ ಹಕ್ಕಿಲ್ಲವೆ ಎಂದು ಕೇಳುವಿರಿ. ಹಕ್ಕು ಇದೆ, ನಿರ್ವಿವಾದ. ಆದರೆ ಸಮವಸ್ತ್ರದ ಕೀರ್ತಿಯು ಒಬ್ಬನ ಸ್ವಂತ ಗಳಿಕೆಯಲ್ಲ. ಅದು ರಣದಲ್ಲಿ ಬಿದ್ದ ಸಾವಿರಾರು ಜವಾನರು ರಾಷ್ಟ್ರಕ್ಕಿತ್ತ ಠೇವಣಿ. ಠೇವಣಿಯನ್ನು ಒಂದು ಪಕ್ಷಕ್ಕೆ ಕಡ ಕೊಡಲು ಯಾರಿಗೂ ಅಧಿಕಾರವಿಲ್ಲ. ಅದೇ ಕೊಡಗಿನ ತಿಮ್ಮಯ್ಯನವರು 1959ರಲ್ಲಿ ರಕ್ಷಣಾಮಂತ್ರಿಯೊಡನೆ ಮನಸ್ತಾಪ ಬಂದಾಗ ರಾಜೀನಾಮೆಯಿತ್ತರು; ಪ್ರಧಾನಿಯ ಮಾತಿಗೆ ಮನ್ನಣೆಯಿತ್ತು ಅದನ್ನು ಹಿಂತೆಗೆದುಕೊಂಡರು; ಕತ್ತಿಯ ಹಿಡಿಗೆ ಕೈಯಿಕ್ಕಲಿಲ್ಲ. 1965ರಲ್ಲಿ ಸೈಪ್ರಸ್ಸಿನಲ್ಲಿ ವಿಶ್ವಸಂಸ್ಥೆಯ ಸೇವೆಯಲ್ಲಿರುವಾಗಲೇ ತೀರಿಕೊಂಡರು. ಮಾದರಿ ಅದು!

ಹರಿದುಹಂಚಿಹೋಗಿದ್ದ ಕನ್ನಡನಾಡು 1956ರ ನವೆಂಬರ್ 1ರಂದು ಒಂದಾದುದು ಯಾವ ದಂಡನಾಯಕನ ಅಪ್ಪಣೆಯಿಂದ? ಪರಿಷತ್ತು, ಪತ್ರಿಕೆ, ಉಪವಾಸ, ಆಯೋಗದ ಮುಂದೆ ಮಂಡಿಸಿದ ವಾದ, ಲೋಕಸಭೆಯ ಶಾಸನ: ಇವುಗಳಿಂದ. ಕೊಡಗು ನಮ್ಮೊಡನೆ ಕೂಡಿದುದೂ ಹಾಗೆಯೇ. ಕನ್ನಡಿಗರೇ, ಸೇನಾನಿಗಳಿಗೆ ಕೈಮುಗಿಯಿರಿ. ಆದರೆ ನಿಮ್ಮ ಮತವನ್ನು ಮಾತ್ರ ವಿವೇಕಕ್ಕೇ ಮೀಸಲಿಡಿರಿ.